ಹನುಮಕ್ಕನ ಗುರುವಾರದ ಸಿನಿಮಾ

ಕಮಲಾಂಬ ಟಾಕೀಸಿನಲ್ಲಿ ಟಾರ್ಚು ಹಿಡಿದು ಜನರಿಗೆ ಸೀಟು ತೋರಿಸುವ ಕೆಲಸಕ್ಕೆ ನಾನು ಸೇರಿ ಹದಿನಾಲ್ಕು ವರ್ಷವಾಯಿತು. ಮೊದಲ ಆರು ವರ್ಷ ಅದು ಎಲ್ಲ ಊರಿನ ಟಾಕೀಸಿನ ಹಾಗೆಯೇ ಇತ್ತು. ಮುನ್ನೂರು ಜನ ಕೂತರೆ ಮುನ್ನೂರು ಜನವೂ ಒಂದೇ ಸಿನಿಮಾ ನೋಡುತ್ತಿದ್ದರು, ಒಂದೇ ಕಡೆ ನಗುತ್ತಿದ್ದರು, ಒಂದೇ ಕಡೆ ಕಣ್ಣೊರೆಸಿಕೊಳ್ಳುತ್ತಿದ್ದರು. ಆಮೇಲೆ ಕಂಪನಿಯವರು ಬಂದು ಹಳೆಯ ಪ್ರೊಜೆಕ್ಟರನ್ನು ಇಳಿಸಿ, ಆ ಜಾಗದಲ್ಲಿ ಟ್ರಂಕಿನಷ್ಟು ದೊಡ್ಡ ಕಪ್ಪು ಪೆಟ್ಟಿಗೆಯೊಂದನ್ನು ಇಟ್ಟು, ಪರದೆ ಬದಲಾಯಿಸಿ ಹೋದರು. ಅವತ್ತಿನಿಂದ ಯಾರು ಕೂತರೆ ಅವರಿಗೆ ಅವರದೇ ಸಿನಿಮಾ. ಪಕ್ಕದವರು ಏನು ನೋಡುತ್ತಿದ್ದಾರೆ ಎಂಬುದು ನಿಮಗೆ ಕಾಣುವುದಿಲ್ಲ, ಕೇಳುವುದೂ ಇಲ್ಲ. ನಿಂತವರಿಗಂತೂ ಬರೀ ಬಿಳಿ ಪರದೆ.

ಕಂಪನಿಯ ಇಂಜಿನಿಯರು ಮೊದಲ ದಿನ ಕೆಲಸದವರನ್ನೆಲ್ಲ ಕೂರಿಸಿಕೊಂಡು ಹೇಳಿದ್ದರು. ನೀವು ಕಣ್ಣು ಕೀಳದೆ ಯಾವುದನ್ನು ನೋಡುತ್ತೀರೋ ಅದನ್ನೇ ಪೆಟ್ಟಿಗೆ ಇನ್ನಷ್ಟು ಕೊಡುತ್ತದೆ. ಕಣ್ಣು ಆಚೀಚೆ ಹೋದರೆ ಅದನ್ನು ಕೈಬಿಟ್ಟು ಬೇರೆ ತರುತ್ತದೆ. ಇದಕ್ಕೆ ಆಲ್ಗಾರಿದಮ್ ಅನ್ನುತ್ತಾರೆ, ಎಂದು. ಆ ಹೆಸರು ಕ್ಯಾಂಟೀನಿನವರೆಗೆ ಹೋಗುವಷ್ಟರಲ್ಲಿ ಅಲಗೋರಮ್ಮ ಆಯಿತು. ಈಗ ಊರಲ್ಲಿ ಎಲ್ಲರ ಬಾಯಲ್ಲೂ ಅದೇ. ಸಿನಿಮಾ ಚೆನ್ನಾಗಿದ್ದರೆ ಅಲಗೋರಮ್ಮ ಕೊಟ್ಟಳು ಅನ್ನುತ್ತಾರೆ, ಇಲ್ಲದಿದ್ದರೆ ಅಲಗೋರಮ್ಮ ಮುನಿಸಿಕೊಂಡಿದ್ದಾಳೆ ಅನ್ನುತ್ತಾರೆ.

ಜನ ಇದಕ್ಕೆ ಹೊಂದಿಕೊಂಡ ಬಗೆ ನೋಡಿ ನನಗೇ ಆಶ್ಚರ್ಯ. ಮದುವೆಯಾದ ಹೊಸದರಲ್ಲಿ ಜೋಡಿಯಾಗಿ ಬಂದವರು ಗಂಡ ನಗುವಾಗ ಹೆಂಡತಿ ಅಳುವುದನ್ನು ಕಂಡು ಗಾಬರಿಯಾಗುತ್ತಿದ್ದರು. ಎರಡು ವಾರ ಕಳೆದರೆ ಅದೂ ರೂಢಿ. ಇಂಟರ್‌ವಲ್ ಒಬ್ಬೊಬ್ಬರಿಗೆ ಒಂದೊಂದು ಹೊತ್ತಿಗೆ ಬರುವುದರಿಂದ ಕ್ಯಾಂಟೀನಿನ ಬೋಂಡಾ ಎಣ್ಣೆ ಮಧ್ಯಾಹ್ನದಿಂದ ಸಂಜೆವರೆಗೂ ಒಲೆಯಿಂದ ಇಳಿಯುವುದೇ ಇಲ್ಲ. ಬಸ್‌ಸ್ಟ್ಯಾಂಡಿನ ಕಟಿಂಗ್ ಶಾಪಿನಲ್ಲಿ ಮೊದಲು ಹೀರೋಗಳ ವಿಷಯಕ್ಕೆ ಹೊಡೆದಾಟದ ತನಕ ಹೋಗುತ್ತಿತ್ತು. ಈಗ ಅಲ್ಲಿ ಸಿನಿಮಾದ ಮಾತೇ ಇಲ್ಲ, ಹೋಲಿಸಿ ನೋಡುವುದಕ್ಕೆ ಇಬ್ಬರಿಗೂ ಗೊತ್ತಿರುವ ಒಂದು ಕಥೆ ಬೇಕಲ್ಲ. ಜನ ತಮ್ಮ ತಮ್ಮ ಮೊಣಕಾಲು ನೋವಿನ ಬಗ್ಗೆ ಮಾತಾಡುತ್ತಾರೆ. ಟಾಕೀಸಿನ ಮುಂದಿನ ಪೋಸ್ಟರ್ ಹಲಗೆಯ ಮೇಲೆ ಬಿಳಿ ಹಾಳೆ ಅಂಟಿಸಿದ್ದೇವೆ, ಅದನ್ನೂ ತಿಂಗಳಿಗೊಮ್ಮೆ ಬದಲಾಯಿಸುತ್ತೇವೆ.

ಬಿಸಿ ಸೀಟಿನ ಗುಟ್ಟು ನನಗೆ ಗೊತ್ತಾದದ್ದು ಕಾಲು ನೋವಿನಿಂದ. ಒಂದು ದಿನ ಮ್ಯಾಟಿನಿಯಲ್ಲಿ ರಿಟೈರಾದ ಹೆಡ್‌ಮಾಸ್ಟರು ಎದ್ದು ಹೋದ ತಕ್ಷಣ ಅವರ ಸೀಟಿನಲ್ಲೇ ಕುಸಿದು ಕೂತೆ. ಪರದೆ ಬೆಳಗಿತು. ದೊಡ್ಡದೊಂದು ಎಮ್ಮೆ ಕೆರೆಗೆ ಇಳಿಯುತ್ತಿತ್ತು. ಇಳಿಯಿತು, ಮುಳುಗಿತು, ಮೂಗು ಮೇಲೆತ್ತಿ ಉಸಿರು ಬಿಟ್ಟಿತು. ಮತ್ತೊಂದು ಎಮ್ಮೆ ಬಂತು. ನಲವತ್ತು ವರ್ಷ ಬೆತ್ತ ಹಿಡಿದ ಮನುಷ್ಯ ವಾರಕ್ಕೆರಡು ಸಲ ಬಂದು ನೋಡುತ್ತಿದ್ದದ್ದು ಇದನ್ನು. ಎರಡು ಮೂರು ನಿಮಿಷದಲ್ಲಿ ಸೀಟು ತಣ್ಣಗಾಯಿತು, ಎಮ್ಮೆಗಳು ಹೋದವು, ನನ್ನದು ಶುರುವಾಯಿತು. ನನ್ನದು ಹೇಳುವಂಥದ್ದೇನಲ್ಲ. ಬೀದಿಯಿಂದ ಕಾಣುವ ಯಾರ ಯಾರದೋ ಮನೆಯ ಕಿಟಕಿಗಳು.

ಆಮೇಲೆ ನನಗೆ ಅದೇ ಚಟವಾಯಿತು. ಯಾರಾದರೂ ಎದ್ದರೆ ಸಾಕು, ಟಾರ್ಚು ಆರಿಸಿ ಹೋಗಿ ಕೂರುತ್ತಿದ್ದೆ. ತಪ್ಪೆಂದು ಗೊತ್ತಿತ್ತು. ಆದರೆ ನೋಡಿದ್ದನ್ನು ಯಾರಿಗೂ ಹೇಳಿದವಳಲ್ಲ, ಒಬ್ಬರನ್ನು ಬಿಟ್ಟು.

ಅವರು ಓಬಳೇಶಣ್ಣ. ವಯಸ್ಸು ಎಪ್ಪತ್ತರ ಹತ್ತಿರ, ಉದ್ದ ಆಳು, ಬಿಳಿ ಪೈಜಾಮ, ತಿದ್ದಿದ ಮೀಸೆ. ಪ್ರಾಯದಲ್ಲಿ ಇಪ್ಪತ್ಮೂರು ಸಿನಿಮಾಗಳಲ್ಲಿ ಸಣ್ಣ ಸಣ್ಣ ಪಾರ್ಟು ಮಾಡಿದ್ದರು. ಸಲ್ಯೂಟ್ ಹೊಡೆಯುವ ಪೇದೆ, ಬಸ್ಸಿನಲ್ಲಿ ನಿದ್ದೆ ಮಾಡುವ ಪ್ರಯಾಣಿಕ, ಕಾಗದ ತರುವ ಪೋಸ್ಟ್‌ಮನ್. ಹಳೆಯ ಪ್ರೊಜೆಕ್ಟರಿನ ಕಾಲದಲ್ಲಿ ಅವರ ಸಿನಿಮಾ ಬಂದರೆ ಊರಿನವರು ಆ ಅರ್ಧ ನಿಮಿಷಕ್ಕೆ ಸೀಟಿ ಹೊಡೆಯುತ್ತಿದ್ದರು. ಪೆಟ್ಟಿಗೆ ಬಂದ ಮೇಲೆ ಅವರ ದೃಶ್ಯಗಳು ಯಾರ ಕಣ್ಣಿಗೂ ಬೇಕಾಗಲಿಲ್ಲ ಅಂತ ಕಾಣುತ್ತದೆ. ಅವರೇ ಟಿಕೆಟ್ ತಗೊಂಡು ಕೂತರೂ ಅವರಿಗೆ ಬರುತ್ತಿದ್ದದ್ದು ಕುಸ್ತಿ ಪಂದ್ಯ. "ನನ್ನ ಮುಖ ನಾನೇ ನೋಡಕ್ಕೆ ನಾಚ್ಕಂಡು ಆ ಕಡೆ ತಿರುಗ್ತೀನಿ ಕಣಮ್ಮ, ಅಲಗೋರಮ್ಮಂಗೆ ಅದು ಗೊತ್ತಾಗಲ್ಲ," ಎಂದು ಒಮ್ಮೆ ಹೇಳಿದ್ದರು.

ನಾನು ಬಿಸಿ ಸೀಟಿನಲ್ಲಿ ಕೂರುವುದನ್ನು ಕ್ಯಾಂಟೀನಿನ ಬಾಗಿಲಿನಿಂದ ನೋಡಿ ಕಂಡುಹಿಡಿದವರು ಅವರೊಬ್ಬರೇ. ಬೈಯಲಿಲ್ಲ. ಪ್ರತಿ ದಿನ ಸಂಜೆ ಬಂದು ಒಂದೇ ಪ್ರಶ್ನೆ ಕೇಳತೊಡಗಿದರು.

"ವಾರಿಜಾ, ಇವತ್ತು ಯಾರ್ಗಾದ್ರೂ ಕಾಣಿಸ್ಕಂಡ್ನಾ?"

ಮೊದಲ ವಾರ ಇಲ್ಲ ಅಂದೆ. ಅವರು ತಲೆಯಾಡಿಸಿ ಹೋಗುವ ರೀತಿ ನೋಡಲಾಗದೆ ಎರಡನೇ ವಾರದಿಂದ ಸುಳ್ಳು ಹೇಳಿದೆ. "ಏಳನೇ ಸಾಲಲ್ಲಿ ಒಬ್ರಿಗೆ ಪೇದೆ ಬಂದಿತ್ತಣ್ಣ." "ಹೌದಾ? ಸಲ್ಯೂಟ್ ತನಕ ನೋಡಿದ್ರಾ?" "ನೋಡಿದ್ರು." ಅಷ್ಟಕ್ಕೇ ಅವರ ನಡಿಗೆ ಬದಲಾಗುತ್ತಿತ್ತು.

ಇನ್ನು ಹನುಮಕ್ಕ. ಅವರು ಓಬಳೇಶಣ್ಣನ ಹೆಂಡತಿ. ಮದುವೆಯಾಗಿ ನಾಲ್ಕನೇ ವರ್ಷಕ್ಕೆ ಅಣ್ಣನ ಮನೆಗೆ ಹೋದವರು ವಾಪಸು ಬರಲಿಲ್ಲ. ಅಣ್ಣ ತೀರಿಕೊಂಡ ಮೇಲೆ ಅದೇ ಮನೆಯಲ್ಲಿ ಒಬ್ಬರೇ, ಹಪ್ಪಳ ಒತ್ತಿ ಅಂಗಡಿಗಳಿಗೆ ಕೊಡುತ್ತಿದ್ದರು. ಇಬ್ಬರ ಮನೆಗೂ ನಡುವೆ ಎರಡೇ ಬೀದಿ. ಮೂವತ್ಮೂರು ವರ್ಷ ಆ ಎರಡು ಬೀದಿಯನ್ನು ಯಾರೂ ದಾಟಿರಲಿಲ್ಲ. ಕಾರಣ ಊರಿಗೆ ಗೊತ್ತಿರಲಿಲ್ಲ. ಹನುಮಕ್ಕ ಪ್ರತಿ ಗುರುವಾರ ಮ್ಯಾಟಿನಿಗೆ ಬಂದು ಕೊನೆಯ ಸಾಲಿನ ಗೋಡೆ ಪಕ್ಕದ ಸೀಟಿನಲ್ಲೇ ಕೂರುತ್ತಿದ್ದರು. ಇಂಟರ್‌ವಲ್ಲಿಗೆ ಏಳುತ್ತಿರಲಿಲ್ಲ. ನಾಲ್ಕು ಗಂಟೆಗೆ ಸೆರಗು ಹೊದ್ದುಕೊಂಡು ಪಕ್ಕದ ಬಾಗಿಲಿನಿಂದ ಹೋಗಿಬಿಡುತ್ತಿದ್ದರು.

ಅವರ ಸೀಟಿನಲ್ಲಿ ಕೂರುವುದಕ್ಕೆ ನನಗೆ ಯಾಕೋ ಧೈರ್ಯ ಬಂದಿರಲಿಲ್ಲ. ಒಂದು ಗುರುವಾರ ಕುತೂಹಲ ತಡೆಯಲಿಲ್ಲ. ಹೋಗಿ ಕೂತೆ.

ಪೇದೆಯ ಬಟ್ಟೆಯಲ್ಲಿ ಓಬಳೇಶಣ್ಣ ನಿಂತಿದ್ದರು. ಇಪ್ಪತ್ತೈದರ ಓಬಳೇಶಣ್ಣ. ಸಲ್ಯೂಟ್ ಹೊಡೆದರು. ಅದು ಮುಗಿದ ತಕ್ಷಣ ಬಸ್ಸು, ಕಿಟಕಿಗೆ ತಲೆ ಆನಿಸಿ ನಿದ್ದೆ ಹೋದ ಓಬಳೇಶಣ್ಣ. ಆಮೇಲೆ ಪೋಸ್ಟ್‌ಮನ್. ಆಮೇಲೆ ದೊಡ್ಡ ಬಂಗಲೆಯ ಬಾಗಿಲು ತೆಗೆದು, "ಅಮ್ಮಾವ್ರೆ, ಡಾಕ್ಟ್ರು ಬಂದವ್ರೆ," ಎನ್ನುವ ಆಳು. ಕಥೆಯಿಲ್ಲ, ಹೀರೋ ಇಲ್ಲ, ಹಾಡಿಲ್ಲ. ಬರೀ ಅವರು. ಸೀಟು ತಣ್ಣಗಾಗಿ ನನ್ನ ಕಿಟಕಿಗಳು ಬರುವ ತನಕ ನೋಡಿದೆ.

ಅವತ್ತು ಸಂಜೆ ಓಬಳೇಶಣ್ಣ ಬಂದು ಕೇಳಿದಾಗ ಏನೂ ಹೇಳಲಿಲ್ಲ. ಇದು ನಾನು ಹೇಳಬೇಕಾದ ವಿಷಯ ಹೌದೋ ಅಲ್ಲವೋ ತಿಳಿಯದೆ, ಮುಂದಿನ ಗುರುವಾರ ಮತ್ತೆ ಕೂತೆ, ಅದರ ಮುಂದಿನ ಗುರುವಾರವೂ ಕೂತೆ. ಮೂರನೇ ಸಲ ನೋಡಿದ್ದು ಬೇರೆ. ಅದೇ ಆಳಿನ ಬಟ್ಟೆ, ಅದೇ ಬಾಗಿಲು. ಆದರೆ ಬಾಗಿಲು ತೆಗೆದರೆ ಒಳಗೆ ಬಂಗಲೆ ಇರಲಿಲ್ಲ. ನೀಲಿ ಸುಣ್ಣ ಬಳಿದ ಸಣ್ಣ ಕೋಣೆ, ಒಂದು ಹಗ್ಗದ ಮಂಚ. ಓಬಳೇಶಣ್ಣನಿಗೂ ಪ್ರಾಯವಿರಲಿಲ್ಲ, ಈಗಿನ ಬಿಳಿ ಕೂದಲು, ಈಗಿನ ಕತ್ತು. ಹೊಸ್ತಿಲ ಹತ್ತಿರ ನೆಲದ ಮೇಲೆ ಕೂತು ಅವರು ಹೇಳಿದರು:

"ಟೆಲಿಗ್ರಾಂ ಬಂದಿತ್ತು. ಎರಡು ಸಲ ಓದ್ದೆ. ಮಡಚಿ ಜೋಬಲ್ಲಿ ಇಟ್ಕಂಡೆ. ಬಂದ್ರೆ ಪಾರ್ಟು ಬೇರೆಯವ್ರಿಗೆ ಹೋಗುತ್ತೆ ಅಂತ ಹೆದರ್ಕಂಡೆ. ನನ್ನದು ತಪ್ಪಾಯ್ತು."

ಹಳೆಯ ದೃಶ್ಯಗಳು ಸಾಲದೆ ಹೋದಾಗ ಪೆಟ್ಟಿಗೆ ತಾನೇ ಹೊಸದನ್ನು ಹೊಸೆಯುತ್ತದೆ ಎಂದು ಕೇಳಿದ್ದೆ. ಹೆಡ್‌ಮಾಸ್ಟರ ಎಮ್ಮೆಗಳೆಲ್ಲ ನಿಜವಾದ ಎಮ್ಮೆಗಳಾಗಿರಲಿಕ್ಕಿಲ್ಲ. ಆದರೆ ಈ ಟೆಲಿಗ್ರಾಂ ಏನೆಂದು ನನಗೆ ತಿಳಿಯಲಿಲ್ಲ. ತಿಳಿಯದೆ ಇರುವುದಕ್ಕೂ ಆಗಲಿಲ್ಲ.

ಮರುದಿನ ಕ್ಯಾಂಟೀನಿನ ಹಿಂದಿನ ಕಟ್ಟೆಯ ಮೇಲೆ ಓಬಳೇಶಣ್ಣನನ್ನು ಕೂರಿಸಿ ಹೇಳಿದೆ. "ಅಣ್ಣ, ಹನುಮಕ್ಕ ವಾರವಾರ ನೋಡೋದು ನಿಮ್ಮನ್ನೇ."

ಅವರು ನಕ್ಕರು. "ಸುಳ್ಳು ಹೇಳ್ಬ್ಯಾಡ."

"ಇಷ್ಟು ದಿನ ಹೇಳಿದ್ದು ಸುಳ್ಳು. ಏಳನೇ ಸಾಲು, ಪೇದೆ, ಎಲ್ಲ ನಾನೇ ಕಟ್ಟಿ ಹೇಳಿದ್ದು. ಇದು ನಿಜ."

ಅವರ ಮುಖ ಬಾಡಿತು. ಏಳನೇ ಸಾಲು ಹೋದದ್ದಕ್ಕೆ ಬಾಡಿತೋ ಹನುಮಕ್ಕನ ಹೆಸರಿಗೆ ಬಾಡಿತೋ ಗೊತ್ತಿಲ್ಲ. ಆಮೇಲೆ, "ಯಾವ್ಯಾವ್ದು ನೋಡ್ತಾಳೆ?" ಎಂದು ಕೇಳಿದರು. ನಾನು ಎಲ್ಲ ಹೇಳಿದೆ, ನೀಲಿ ಕೋಣೆಯೊಂದನ್ನು ಬಿಟ್ಟು. ಅದನ್ನು ನನ್ನ ಬಾಯಿಂದ ಹೇಳುವುದಕ್ಕಿಂತ ಅವರೇ ನೋಡಲಿ ಅನ್ನಿಸಿತು.

ಮುಂದಿನ ಗುರುವಾರ ಅವರು ಒಳಬಾಗಿಲಿನ ಪರದೆಯ ಹಿಂದೆ ನಿಂತಿದ್ದರು. ಇಸ್ತ್ರಿ ಮಾಡಿದ ಜುಬ್ಬಾ ಹಾಕಿಕೊಂಡು ಬಂದಿದ್ದರು, ಯಾರೋ ಕರೆದು ಸನ್ಮಾನ ಮಾಡುತ್ತಾರೇನೋ ಎಂಬಂತೆ. ನಾಲ್ಕು ಗಂಟೆಗೆ ಹನುಮಕ್ಕ ಎದ್ದು ಪಕ್ಕದ ಬಾಗಿಲು ದಾಟಿದ ಕೂಡಲೇ ಓಬಳೇಶಣ್ಣನ ಕೈ ಹಿಡಿದು ಕತ್ತಲಲ್ಲಿ ನಡೆಸಿಕೊಂಡು ಹೋಗಿ ಕೂರಿಸಿದೆ. ಮೊಣಕಾಲು ಬಗ್ಗದೆ ತಡವಾಯಿತು. ಅವರಿಗೆ ಸಿಕ್ಕಿದ್ದು ಒಂದೂವರೆ ನಿಮಿಷವಿರಬೇಕು. ನಾನು ನಿಂತಿದ್ದೆ, ನನಗೆ ಬಿಳಿ ಪರದೆ. ಅವರ ಮುಖವನ್ನೇ ನೋಡುತ್ತಿದ್ದೆ. ಮೊದಲು ಮೀಸೆ ಮೇಲೆ ಹೋಯಿತು. ಆಮೇಲೆ ಬಾಯಿ ತೆರೆದುಕೊಂಡಿತು. ಆಮೇಲೆ ಅವರು ಎರಡೂ ಕೈಯಿಂದ ಮುಂದಿನ ಸೀಟಿನ ಬೆನ್ನು ಹಿಡಿದುಕೊಂಡರು.

ಹೊರಗೆ ಬಂದು ಕಟ್ಟೆಯ ಮೇಲೆ ಕೂತೆವು. ಚಹಾ ತಂದುಕೊಟ್ಟೆ, ಕುಡಿಯಲಿಲ್ಲ.

"ಆ ಡೈಲಾಗ್ ನಾನು ಯಾವ ಸಿನಿಮಾದಲ್ಲೂ ಹೇಳಿಲ್ಲ," ಎಂದರು.

"ಗೊತ್ತಣ್ಣ."

"ಟೆಲಿಗ್ರಾಂ ವಿಷ್ಯ ಯಾರು ಹೇಳಿದ್ರು ಅದ್ಕೆ?"

"ಯಾರೂ ಹೇಳಿರಲ್ಲ. ಹಿಂಗೊಂದು ಮಾತು, ಹಂಗೊಂದು ಮಾತು ಹಾಕಿ ನೋಡಿರುತ್ತೆ. ಯಾವ ಮಾತಿಗೆ ಹನುಮಕ್ಕ ಕಣ್ಣು ಕೀಳಲಿಲ್ವೋ ಅದನ್ನ ಇಟ್ಕಂಡಿರುತ್ತೆ."

ಅವರು ಚಹಾದ ಲೋಟವನ್ನು ಪಕ್ಕಕ್ಕಿಟ್ಟು ಆಗ ಹೇಳಿದರು. ಬಂಗಲೆಯ ಆಳಿನ ಪಾರ್ಟು ಅವರಿಗೆ ಸಿಕ್ಕ ಮೊದಲ ಮಾತಿರುವ ಪಾರ್ಟು. ಮೂರು ದಿನವೆಂದು ಹೋದವರನ್ನು ಮಳೆ, ಹೀರೋಯಿನ್‌ಗೆ ಜ್ವರ ಎಂದು ಹನ್ನೊಂದು ದಿನ ಅಲ್ಲೇ ಇರಿಸಿಕೊಂಡರು. ಐದನೇ ದಿನ ಟೆಲಿಗ್ರಾಂ ಬಂತು. ಹನುಮಕ್ಕನಿಗೆ ಎಂಟು ತಿಂಗಳು. ನೋವು ಕಾಣಿಸಿಕೊಂಡಿದೆ, ಕೂಡಲೇ ಬಾ ಎಂದು ಹನುಮಕ್ಕನ ಅಣ್ಣ ಕೊಟ್ಟಿದ್ದು. ಇವರು ಹೋಗಲಿಲ್ಲ. ವಾಪಸು ಬಂದಾಗ ಮಗು ಇರಲಿಲ್ಲ. ಟೆಲಿಗ್ರಾಂ ಬಂತಾ ಎಂದು ಹನುಮಕ್ಕ ಕೇಳಿದರು. ಇಲ್ಲ ಅಂದರು. ಮತ್ತೆ ಮತ್ತೆ ಕೇಳಿದರು. ಪ್ರತಿ ಸಲವೂ ಇಲ್ಲ ಅಂದರು.

"ಈಗ ಆ ಪರದೆ ಮೇಲೆ ಕೂತ್ಕಂಡು ಹೌದು ಅಂತೈತಲ್ಲ ನನ್ನ ಮುಖ," ಎಂದರು. "ಎಷ್ಟು ಚೆನ್ನಾಗಿ ಹೇಳ್ತು. ನಂಗೆ ಹಂಗೆ ಬರಲ್ಲ."

"ನಿಮಗೆ ಬಂದ ಹಾಗೇ ಹೇಳಿ."

"ಅವಳಿಗೆ ಅಲ್ಲಿ ಸಿಕ್ಕೈತಲ್ಲ. ನೆಮ್ಮದಿಯಾಗಿ ಕೂತು ನೋಡ್ತಾಳೆ. ನಾನು ಹೋಗಿ ಕೆಡಿಸ್ಬೇಕಾ?"

ಎರಡು ದಿನ ಅವರು ಟಾಕೀಸಿನ ಕಡೆ ಬರಲಿಲ್ಲ. ಭಾನುವಾರ ಬೆಳಗ್ಗೆ ನಮ್ಮ ಮನೆ ಬಾಗಿಲಿಗೆ ಬಂದು, ಅದೇ ಪೈಜಾಮದಲ್ಲಿ, ಮೀಸೆ ತಿದ್ದಿಕೊಳ್ಳದೆ, "ನೀನೂ ಬಾರಮ್ಮ, ನಂಗೆ ಒಬ್ನೇ ಹೋಗಕ್ಕಾಗಲ್ಲ," ಎಂದರು.

ಹನುಮಕ್ಕ ನಡುಮನೆಯಲ್ಲಿ ಕೂತು ಉದ್ದಿನ ಹಿಟ್ಟು ನಾದುತ್ತಿದ್ದರು. ಬಾಗಿಲಲ್ಲಿ ನಿಂತ ಗಂಡನನ್ನು ನೋಡಿ, ಹಿಂದೆ ನಿಂತ ನನ್ನನ್ನು ನೋಡಿ, ನಾದುವುದನ್ನು ನಿಲ್ಲಿಸದೆ, "ಬರ್ರಿ, ಕೂತ್ಕಳ್ರಿ," ಎಂದರು, ಹಪ್ಪಳಕ್ಕೆ ಆರ್ಡರು ಕೊಡಲು ಬಂದವರಿಗೆ ಹೇಳುವ ಹಾಗೆ. ನಾನು ಗೋಡೆಗೆ ಒರಗಿ ಕೂತೆ. ಓಬಳೇಶಣ್ಣ ಕೂರಲಿಲ್ಲ.

"ಹನುಮಿ, ಆ ಟೆಲಿಗ್ರಾಂ," ಎಂದರು. ಕೆಮ್ಮು ಬಂತು. ಕೆಮ್ಮಿ ಮುಗಿಸುವಷ್ಟರಲ್ಲಿ ಮುಂದಿನ ಮಾತು ಮರೆತಿತ್ತು. "ಅದು ಬಂದಿತ್ತು. ಐದನೇ ದಿನ. ಮಳೆ ಹುಯ್ತಿತ್ತು. ಅಂದ್ರೆ, ಮಳೆಗಲ್ಲ ನಾನು ಬರದೇ ಇದ್ದಿದ್ದು. ಪಾರ್ಟು ಹೋಗ್ತಿತ್ತು. ನಾನು ಬರ್ಬೋದಿತ್ತು. ಬರಲಿಲ್ಲ." ಇನ್ನೂ ಏನೋ ಹೇಳಹೋಗಿ, ಅದು ಬಾರದೆ, ನನ್ನ ಕಡೆ ನೋಡಿದರು. ನಾನು ನೆಲ ನೋಡಿದೆ.

ಹನುಮಕ್ಕನ ಕೈ ಹಿಟ್ಟಿನೊಳಗೆ ನಿಂತಿತ್ತು.

"ಬಂದಿತ್ತಾ?" ಎಂದರು.

"ಬಂದಿತ್ತು."

"ಓದಿದ್ರಾ?"

"ಓದಿದ್ದೆ."

ಅವರು ಕೈಗೆ ಮೆತ್ತಿದ ಹಿಟ್ಟನ್ನು ಒಂದೊಂದೇ ಬೆರಳಿನಿಂದ ಬಿಡಿಸಿಕೊಂಡರು. "ಟಾಕೀಸಲ್ಲೂ ಹಿಂಗೇ ಅಂತೀರಿ ನೀವು," ಎಂದರು. "ಆರು ತಿಂಗಳಿಂದ ಕೇಳ್ತಾ ಇದೀನಿ. ಕೇಳಿ ಮನೆಗ್ ಬಂದು ಆರಾಮಾಗಿ ನಿದ್ದೆ ಮಾಡ್ತಿದ್ದೆ. ಅದು ಸಿನಿಮಾ ಅಂದ್ಕಂಡಿದ್ದೆ."

ಆಮೇಲೆ ಅವರ ದನಿ ಏರಿತು. ಅಷ್ಟು ಮೆದು ಮಾತಿನ ಹೆಂಗಸಿನ ಒಳಗೆ ಅಂಥ ದನಿ ಇದೆ ಎಂದು ನನಗೆ ಗೊತ್ತಿರಲಿಲ್ಲ. ಓಬಳೇಶಣ್ಣ ಒಂದು ಹೆಜ್ಜೆ ಬಾಗಿಲ ಕಡೆ ಇಟ್ಟರು.

"ಹೋಗ್ಬ್ಯಾಡಿ. ಅಲ್ಲಿ ನಾನು ಎಷ್ಟು ಬೈದ್ರೂ ನಿಮಗೆ ಕೇಳಿಸ್ತಿರಲಿಲ್ಲ. ಬೈಯಕ್ಕೆ ಮನಸ್ಸೂ ಬರ್ತಿರಲಿಲ್ಲ, ಅಷ್ಟು ಚೆನ್ನಾಗಿ ಮಾತಾಡ್ತೀರಿ. ಇಲ್ಲಿ ಕೇಳಿಸುತ್ತಲ್ಲ? ಕೂತ್ಕಂಡು ಕೇಳಿ."

ಅವರು ಕೂತರು. ಚಾಪೆ ಹತ್ತಿರವಿದ್ದರೂ ಬರಿನೆಲದ ಮೇಲೆ.

"ಮಗು ಗಂಡೋ ಹೆಣ್ಣೋ ಅಂತ ಇವತ್ತಿನ ತನಕ ಕೇಳಿಲ್ಲ ನೀವು," ಎಂದರು ಹನುಮಕ್ಕ. "ಊರಿಗೆ ಬಂದವ್ರು ಸೂಟಿಂಗಿನ ಫೋಟೋ ತೋರಿಸಿದ್ರಿ. ಅದನ್ನ ಕೇಳಲಿಲ್ಲ. ಹೆಣ್ಣು. ನಿಮ್ಮ ಕಿವೀನೇ ಇತ್ತು ಅದಕ್ಕೆ."

ಓಬಳೇಶಣ್ಣ ಕೈ ಎತ್ತಿ ತಮ್ಮ ಕಿವಿಯನ್ನು ಮುಟ್ಟಿಕೊಂಡರು. ಮುಟ್ಟಿಕೊಂಡಿದ್ದು ತಮಗೇ ಗೊತ್ತಾಗಲಿಲ್ಲ ಅಂತ ಕಾಣುತ್ತದೆ.

ಅಲ್ಲಿಂದ ಹನುಮಕ್ಕ ಮೊದಲಿನಿಂದ ಹೇಳತೊಡಗಿದರು. ಐದನೇ ದಿನದ ಬೆಳಗ್ಗೆ ಏನಾಯಿತು, ಸೂಲಗಿತ್ತಿ ಯಾರು, ಡಾಕ್ಟರನ್ನು ಕರೆಯಲು ಹೋದ ಗಾಡಿ ಎಲ್ಲಿ ನಿಂತಿತು. ನನಗೆ ಎದ್ದು ಬರಲು ಮನಸ್ಸಿರಲಿಲ್ಲ. ಇನ್ನೊಬ್ಬರದನ್ನು ನೋಡುವ ಚಟದವಳು ನಾನು, ಸುಳ್ಳೇಕೆ ಹೇಳಲಿ. ಆದರೂ ಎದ್ದು, ಚಪ್ಪಲಿಯ ಸದ್ದಾಗದಂತೆ ಹೊರಗೆ ಬಂದು ಬಾಗಿಲು ಮುಂದಕ್ಕೆ ಎಳೆದುಕೊಂಡೆ. ಬೀದಿಯ ತಿರುವಿನವರೆಗೂ ಹನುಮಕ್ಕನ ದನಿ ಕೇಳಿಸುತ್ತಿತ್ತು. ಓಬಳೇಶಣ್ಣನದು ಒಂದು ಸಲವೂ ಕೇಳಿಸಲಿಲ್ಲ.

ಅವರು ಮತ್ತೆ ಒಟ್ಟಿಗೆ ಸಂಸಾರ ಹೂಡಿದರು ಎಂದೇನೂ ತಿಳಿಯಬೇಡಿ. ಓಬಳೇಶಣ್ಣ ಈಗಲೂ ತಮ್ಮ ಮನೆಯಲ್ಲೇ ಮಲಗುತ್ತಾರೆ. ಆದರೆ ಮಧ್ಯಾಹ್ನ ಊಟವಾದ ಮೇಲೆ ಎರಡು ಬೀದಿ ದಾಟಿ ಹೋಗುತ್ತಾರೆ. ಒಂದೊಂದು ದಿನ ಹನುಮಕ್ಕ ಬೈಯುತ್ತಾರಂತೆ, ಒಂದೊಂದು ದಿನ ಮಾತೇ ಆಡುವುದಿಲ್ಲವಂತೆ. ಹಪ್ಪಳ ಬಿಸಿಲಿಗೆ ಹಾಕುವುದು, ಕಾಗೆ ಓಡಿಸುವುದು ಇವರ ಪಾಲಿಗೆ ಬಂದಿದೆ. ಮಗುವನ್ನು ಮಣ್ಣು ಮಾಡಿದ ಜಾಗ ತೋರಿಸು ಎಂದು ಒಂದು ದಿನ ಕೇಳಿದರಂತೆ. ಇಬ್ಬರೂ ಹೋಗಿ ಬಂದರು. ಟಾಕೀಸಿನ ಹತ್ತಿರ ಸಿಕ್ಕಾಗ ಬೆಲ್ಲದ ಬೆಲೆ ಮಾತಾಡುತ್ತಾರೆ, ಯಾರಿಗಾದರೂ ಕಾಣಿಸಿಕೊಂಡೆನಾ ಎಂದು ಕೇಳುವುದಿಲ್ಲ.

ಹನುಮಕ್ಕ ಆರು ಗುರುವಾರ ಬರಲಿಲ್ಲ. ಏಳನೆಯದಕ್ಕೆ ಬಂದರು. ಟಿಕೆಟ್ ಹರಿದು ಒಳಗೆ ಬಿಟ್ಟೆ. ಅವರು ಗೋಡೆ ಪಕ್ಕದ ಸೀಟಿನಲ್ಲಿ ಕೂತದ್ದನ್ನು ನೋಡಿ ನನಗೆ ಬೇಸರವೇ ಆಯಿತು. ಹತ್ತು ನಿಮಿಷವೂ ಆಗಿರಲಿಲ್ಲ, ಎದ್ದು ನನ್ನ ಹತ್ತಿರ ಬಂದರು.

"ಯಾಕಕ್ಕಾ, ಸರಿಯಾಗಿ ಬರ್ತಿಲ್ವಾ?" ಎಂದು ಕೇಳಿದೆ.

"ಬರ್ತೈತೆ," ಎಂದರು. ಸೆರಗನ್ನು ಭುಜದ ಮೇಲೆ ಸರಿಮಾಡಿಕೊಂಡರು. "ಕಾಲು ಹಿಡ್ಕಂಡು ಕೂತವ್ರೆ ಅಲ್ಲಿ. ನಾನು ಏನಂದ್ರೂ ಹೂಂ ಅಂತಾರೆ. ಮನೇಲಿರೋರು ನಿನ್ನೆ ಉಪ್ಪು ಜಾಸ್ತಿ ಅಂತ ಹಪ್ಪಳ ಎತ್ತಿಟ್ರು, ಅದಕ್ಕೊಂದು ಜಗಳ ಅರ್ಧಕ್ಕೆ ನಿಂತೈತೆ."

ಹಾಗೆಂದು ಪಕ್ಕದ ಬಾಗಿಲು ತಳ್ಳಿ, ಬಿಸಿಲಿಗೆ ಕಣ್ಣು ಕಿರಿದು ಮಾಡಿಕೊಂಡು, ಮನೆಯ ಕಡೆ ಬಿರಬಿರನೆ ಹೊರಟುಹೋದರು.